ದಿಂಬಿನ ಕಲ್ಲಿನ ಆಕಾರ ಬದಲಾಗಿದೆ, ಬೆಲೆ ಏಕೆ ಇಳಿದಿಲ್ಲ: ಗ್ರಾಹಕರಿಗೆ ಒಂದು ಪತ್ರ

ಆತ್ಮೀಯ ಗ್ರಾಹಕರೇ,

ಒಳ್ಳೆಯ ಕನಸು ಬೀಳಲೆಂದು ದಿಂಬಿನ ಕೆಳಗಿಡಲು ನೀವು ಒಯ್ಯುವ ನೇರಳೆ ಅಮೆಥಿಸ್ಟ್ ಇನ್ನು ಮುಂದೆ ನಮ್ಮಲ್ಲಿ ಮೊಟ್ಟೆಯಾಕಾರದಲ್ಲಿ ಸಿಗುವುದಿಲ್ಲ. ಅದರ ಬದಲು ಹೊಳೆದಂಡೆಯ ಕಲ್ಲುಗಳಂತೆ ಒಂದರ ಹಾಗೆ ಇನ್ನೊಂದಿಲ್ಲದ ನುಣುಪು ಕಲ್ಲುಗಳು ಸಿಗುತ್ತವೆ. ಬೆಲೆ ಹಳೆಯದೇ. ಮನೆಯಲ್ಲಿರುವ ಕಲ್ಲಿಗೆ ಜೋಡಿ ಹುಡುಕಿಕೊಂಡು ದೂರದಿಂದ ಬಂದು ಬರಿಗೈಯಲ್ಲಿ ಹಿಂದಿರುಗಿದವರಿದ್ದಾರೆ. ಅವರೆಲ್ಲರ ಕ್ಷಮೆ ಕೇಳುತ್ತೇವೆ. ನಿರ್ಧಾರವನ್ನು ಮಾತ್ರ ಹಿಂತೆಗೆದುಕೊಳ್ಳುವುದಿಲ್ಲ.

ಕಾರಣ ದೂಳು. ಅಮೆಥಿಸ್ಟ್ ಕೂಡ ಒಂದು ಬಗೆಯ ಬೆಣಚುಕಲ್ಲೇ, ಅಂದರೆ ಸಿಲಿಕಾ. ಅದನ್ನು ನೀರು ಬಿಡದೆ ಸಾಣೆಗೆ ಹಿಡಿದು ಮೊಟ್ಟೆಯ ರೂಪಕ್ಕೆ ತರುವಾಗ ಏಳುವ ದೂಳಿನಲ್ಲಿ ಕಣ್ಣಿಗೆ ಕಾಣದಷ್ಟು ಸಣ್ಣ ಕಣಗಳಿರುತ್ತವೆ. ಅವು ಶ್ವಾಸಕೋಶದ ಆಳಕ್ಕಿಳಿದು ಅಲ್ಲೇ ಉಳಿದುಬಿಡುತ್ತವೆ. ಹೀಗೆ ಬರುವ ಸಿಲಿಕೋಸಿಸ್ ರೋಗವನ್ನು ಗುಣಪಡಿಸುವ ಮದ್ದಿಲ್ಲ. ಅದು ಬಂದವರಿಗೆ ಕ್ಷಯ ತಗಲುವ ಅಪಾಯವೂ ಹೆಚ್ಚು. ಗುಜರಾತಿನ ಖಂಭಾತ್‌ನಲ್ಲಿ ಸಿಲಿಕಾದಿಂದಲೇ ಆದ ಅಕೀಕು (ಅಗೇಟ್) ಕಲ್ಲು ಉಜ್ಜುವ ಕುಶಲಕರ್ಮಿಗಳು ಈ ರೋಗದಿಂದ ನರಳುತ್ತಿರುವುದು ದಶಕಗಳಿಂದ ದಾಖಲಾಗಿರುವ ಸಂಗತಿ. ಒಣಸಾಣೆ ಹಿಡಿದ ಕಲ್ಲನ್ನು ನೆಮ್ಮದಿಯ ನಿದ್ದೆಗೆಂದು ನಿಮ್ಮ ಕೈಗಿಡಲು ನಮಗೆ ಮನಸ್ಸು ಬರುವುದಿಲ್ಲ. ಹಾಗಾಗಿ ನಾವೇ ನೀರಿನ ಪೀಪಾಯಿಯಲ್ಲಿ ಕಲ್ಲು ಉರುಳಿಸಿ ನಯಗೊಳಿಸುತ್ತಿದ್ದೇವೆ. ಎಲ್ಲವೂ ನೀರಿನೊಳಗೇ ನಡೆಯುವುದರಿಂದ ದೂಳು ಏಳುವುದಿಲ್ಲ.

"ಯಂತ್ರ ತಿರುಗಿಸಿದ ಕಲ್ಲು ತಾನೆ, ಅರ್ಧ ಬೆಲೆಗೆ ಕೊಡಿ" ಎನ್ನುವವರಿಗೆ ಈ ಕೆಲಸ ಹೇಗೆ ನಡೆಯುತ್ತದೆಂದು ಹೇಳಲೇಬೇಕು. ಪೀಪಾಯಿ ಹಗಲೂ ರಾತ್ರಿ ನಿಲ್ಲದೆ ತಿರುಗಬೇಕು, ಅದೂ ವಾರಗಟ್ಟಲೆ. ಮೊದಲು ಕಲ್ಲನ್ನು ಸವೆಸುವ ಒರಟು ಸಿಲಿಕಾನ್ ಕಾರ್ಬೈಡ್ ಪುಡಿ, ಆಮೇಲೆ ಅದಕ್ಕಿಂತ ಸಣ್ಣದು, ಮತ್ತೂ ಸಣ್ಣದು, ಕೊನೆಗೆ ಹೊಳಪಿನ ಪುಡಿ. ಹಂತ ಬದಲಾದಾಗಲೆಲ್ಲ ಕಲ್ಲು, ಪೀಪಾಯಿ, ಮುಚ್ಚಳದ ರಬ್ಬರು ಎಲ್ಲವನ್ನೂ ಹಲ್ಲುಜ್ಜುವ ಬ್ರಷ್‌ನಿಂದ ತಿಕ್ಕಿ ತೊಳೆಯಬೇಕು. ಒರಟು ಪುಡಿಯ ಕೆಲವು ಕಣಗಳು ಬಿರುಕಿನಲ್ಲಿ ಅಡಗಿ ಉಳಿದರೂ ಹೊಳಪಿನ ಹಂತದಲ್ಲಿ ಇಡೀ ಪೀಪಾಯಿಯ ಕಲ್ಲಿಗೆ ಗೀರು ಬೀಳುತ್ತದೆ. ಅಮೆಥಿಸ್ಟ್ ಗಟ್ಟಿಯಾದರೂ ಪೆಡಸು. ಒಂದಕ್ಕೊಂದು ಬಡಿದು ಅಂಚು ಸಿಡಿಯದಿರಲು ನಡುವೆ ಪಿಂಗಾಣಿ ಗುಂಡುಗಳನ್ನು ತುಂಬಬೇಕು. ತಳದಲ್ಲಿ ಉಳಿಯುವ ಕೆಸರನ್ನು ಚರಂಡಿಗೆ ಬಿಟ್ಟರೆ ಕೊಳವೆಯೊಳಗೆ ಗಟ್ಟಿಯಾಗಿ ಕೂರುತ್ತದೆ, ಆದ್ದರಿಂದ ಅದನ್ನು ಬಕೆಟ್ಟಿನಲ್ಲಿ ತಿಳಿಗೊಳಿಸಿ ಬೇರೆಯಾಗಿ ಸಾಗಿಸುತ್ತೇವೆ. ವಿದ್ಯುತ್ ಬಿಲ್ಲು, ಪುಡಿಯ ಖರ್ಚು, ಬಿರುಕುಬಿಟ್ಟು ಪಕ್ಕಕ್ಕೆ ಹೋಗುವ ಕಲ್ಲು, ಇವೆಲ್ಲ ಸೇರಿಯೂ ಬೆಲೆ ಏರಿಸಿಲ್ಲ. ನಮ್ಮನ್ನು ದುರಾಸೆಯವರೆಂದು ಕರೆದಾಗ ನೋವಾಗುವುದು ಇದಕ್ಕೇ.

ಇನ್ನು ಎಲ್ಲಕ್ಕಿಂತ ಹೆಚ್ಚು ಕೇಳಿಬಂದ ದೂರು: "ಬಣ್ಣ ಮಾಸಿದೆ, ನೀವು ಕೊಟ್ಟದ್ದು ನಕಲಿ." ಇದನ್ನು ನಾವು ಒಪ್ಪುವುದಿಲ್ಲ. ಅಮೆಥಿಸ್ಟ್‌ನ ನೇರಳೆ ಬಣ್ಣವನ್ನು ಯಾರೂ ಬಳಿದಿರುವುದಿಲ್ಲ. ಹರಳಿನೊಳಗೆ ಅತ್ಯಲ್ಪ ಪ್ರಮಾಣದಲ್ಲಿ ಸೇರಿದ ಕಬ್ಬಿಣದ ಮೇಲೆ ಸುತ್ತಲಿನ ಬಂಡೆಯ ಸಹಜ ವಿಕಿರಣ ಯುಗಯುಗಗಳ ಕಾಲ ಬಿದ್ದು ಆ ಬಣ್ಣ ಹುಟ್ಟುತ್ತದೆ. ಬಹುಕಾಲ ನೇರ ಬಿಸಿಲು ಬಿದ್ದರೆ ಅದು ತಿಳಿಯಾಗುತ್ತದೆ. ಕುಲುಮೆಯಲ್ಲಿ ಕಾಯಿಸಿದರೆ ಹಳದಿಗೆ ತಿರುಗುತ್ತದೆ. ಮಾರುಕಟ್ಟೆಯಲ್ಲಿ ಸಿಟ್ರಿನ್ ಎಂದು ಮಾರುವ ಹಳದಿ ಕಲ್ಲುಗಳಲ್ಲಿ ಹೆಚ್ಚಿನವು ಹೀಗೆ ಕಾಯಿಸಿದ ಅಮೆಥಿಸ್ಟ್‌ಗಳೇ. ಮಾಸಿದ ಕಲ್ಲು ತಂದವರನ್ನು ವಿಚಾರಿಸಿದರೆ ಹಗಲಿಡೀ ಅದನ್ನು ಕಿಟಕಿಯ ಕಟ್ಟೆಯ ಮೇಲೆ ಇಟ್ಟಿರುತ್ತಾರೆ. ರಾತ್ರಿ ದಿಂಬಿನ ಕೆಳಗೆ, ಹಗಲು ಬಟ್ಟೆಯ ಚೀಲದೊಳಗೆ ಇಡಿ. ಅನುಮಾನವಿದ್ದರೆ ಹತ್ತಿಯನ್ನು ಉಗುರುಬಣ್ಣ ತೆಗೆಯಲು ಬಳಸುವ ಅಸಿಟೋನ್‌ನಲ್ಲಿ ಅದ್ದಿ ಕಲ್ಲನ್ನು ಒರೆಸಿ ನೋಡಿ. ಮೇಲೆ ಬಳಿದ ಬಣ್ಣವಾದರೆ ಹತ್ತಿಗೆ ಬಹುಮಟ್ಟಿಗೆ ಹತ್ತುತ್ತದೆ. ಭೂತಗನ್ನಡಿಯಲ್ಲಿ ನೋಡಿದರೆ ಬಣ್ಣ ಹಾಕಿದ ಕಲ್ಲಿನ ಬಿರುಕುಗಳಲ್ಲಿ ಬಣ್ಣ ಮಡುಗಟ್ಟಿರುತ್ತದೆ; ನಿಜವಾದ ಅಮೆಥಿಸ್ಟ್‌ನಲ್ಲಿ ಗಾಢ ಮತ್ತು ತಿಳಿ ನೇರಳೆಯ ಕೋನಾಕಾರದ ಪಟ್ಟೆಗಳು ಕಾಣುವುದುಂಟು. ಕಾರ್ಖಾನೆಯಲ್ಲಿ ಬೆಳೆಸಿದ ಅಮೆಥಿಸ್ಟ್ ಅನ್ನು ಮಾತ್ರ ಹೀಗೆ ಪತ್ತೆಹಚ್ಚಲಾಗದು, ಅದಕ್ಕೆ ಪ್ರಯೋಗಾಲಯವೇ ಬೇಕು. ಅಂಥ ಪರೀಕ್ಷೆ ಮಾಡಿಸುವವರಿಗೆ ನಮ್ಮ ಕಲ್ಲನ್ನು ಧೈರ್ಯವಾಗಿ ಕೊಡುತ್ತೇವೆ.

ಮೊಟ್ಟೆಯ ಆಕಾರ ಹೋದರೆ ಕನಸಿನ ಗುಣವೂ ಹೋಗುತ್ತದೆಯೇ ಎಂದು ಕೆಲವರು ಅಳುಕಿನಿಂದ ಕೇಳಿದ್ದಾರೆ. ಕಲ್ಲು ಕನಸು ತರುತ್ತದೆಂದು ನಾವು ಎಂದೂ ಹೇಳಿಲ್ಲ, ಪೊಟ್ಟಣದ ಮೇಲೆ ಬರೆದೂ ಇಲ್ಲ. ಕನಸು ಎಲ್ಲರಿಗೂ ಬೀಳುತ್ತದೆ, ಬೆಳಗಿನ ಜಾವದ ನಿದ್ದೆಯಲ್ಲಿ ಹೆಚ್ಚಾಗಿ; ನೆನಪಿನಲ್ಲಿ ಉಳಿಯುವುದು ಕಡಿಮೆ. ಮಲಗುವ ಮುನ್ನ ಕಲ್ಲನ್ನು ಕೈಯಲ್ಲಿ ಹಿಡಿದು ಮನಸ್ಸು ತಿಳಿಯಾಗಿಸಿಕೊಳ್ಳುವ ನಿಮ್ಮ ಅಭ್ಯಾಸವನ್ನು ನಾವು ಗೌರವಿಸುತ್ತೇವೆ, ಅದಕ್ಕೆ ಆಕಾರದ ಹಂಗಿಲ್ಲ. ಆದರೆ ನಿದ್ರಾಹೀನತೆ ವಾಸಿಯಾಗುತ್ತದೆಂದು ಚೀಟಿ ಬರೆದುಕೊಡಿ ಎಂದರೆ ಆಗದು. ರೋಗ ಗುಣಪಡಿಸುತ್ತದೆಂದು ತಾಯಿತ, ಕವಚಗಳಿಗೆ ಜಾಹೀರಾತು ನೀಡುವುದನ್ನು ಔಷಧ ಮತ್ತು ಮಾಂತ್ರಿಕ ಪರಿಹಾರಗಳ ಆಕ್ಷೇಪಾರ್ಹ ಜಾಹೀರಾತುಗಳ ಕುರಿತ 1954ರ ಕಾಯ್ದೆಯೇ ನಿಷೇಧಿಸಿದೆ. ನಿದ್ದೆ ಬಾರದೆ ಒದ್ದಾಡುತ್ತಿರುವವರು ದಯವಿಟ್ಟು ವೈದ್ಯರನ್ನು ಕಾಣಿ.

ಮೊಟ್ಟೆಯಾಕಾರದ ಕಲ್ಲಿಗೆ ಮುಂಗಡ ಕೊಟ್ಟವರು ಹೊಸ ಕಲ್ಲುಗಳನ್ನು ಒಮ್ಮೆ ಕೈಯಲ್ಲಿ ಹಿಡಿದು ನೋಡಿ, ಮೆಚ್ಚಿಗೆಯಾದದ್ದನ್ನು ಆರಿಸಿಕೊಳ್ಳಿ. ಬೇಡವೆನಿಸಿದರೆ ಪೂರ್ತಿ ಹಣ ಹಿಂದಿರುಗಿಸುತ್ತೇವೆ, ಮುಖ ಸಿಂಡರಿಸುವುದಿಲ್ಲ. ಬಣ್ಣ ಮಾಸಿದ ಕಲ್ಲು ತಂದರೆ ನಿಮ್ಮೆದುರಿಗೇ ಅಸಿಟೋನ್ ಹಚ್ಚಿ ಒರೆಸಿ ತೋರಿಸುತ್ತೇವೆ. ಹತ್ತಿಗೆ ಬಣ್ಣ ಹತ್ತಿದರೆ ರಸೀದಿ ಇರಲಿ ಇಲ್ಲದಿರಲಿ, ಅಲ್ಲೇ ಬೇರೆ ಕಲ್ಲು ಕೊಡುತ್ತೇವೆ.

ನಿಮ್ಮ ವಿಶ್ವಾಸಿಗಳು,
ಅಂಗಡಿಯ ಬಳಗ