ಹಲ್ಲಿ ಸಾಕುವವರೇ, ಬಲ್ಬ್‌ಗಿಂತ ಮೊದಲು ಥರ್ಮಾಮೀಟರ್ ತನ್ನಿ

ಮಾನ್ಯ ಸಂಪಾದಕರೇ,

ಸಾಕುಪ್ರಾಣಿಗಳ ಬಗ್ಗೆ ಪತ್ರಿಕೆಗಳಲ್ಲಿ ಬರುವ ಬರಹ ಅಂದರೆ ನಾಯಿ, ಬೆಕ್ಕು, ಬಣ್ಣದ ಮೀನು. ಹಲ್ಲಿ ಸಾಕುವವರೂ ಇದ್ದಾರೆ ಅನ್ನುವುದು ಅಪರೂಪಕ್ಕೆ ನೆನಪಾಗುತ್ತದೆ. ಆಗಲೂ ಒಂದು ಚೆಂದದ ಫೋಟೋ, ಏನು ತಿನ್ನುತ್ತದೆ ಅಂತ ಎರಡು ಸಾಲು. ಗೂಡು ಎಷ್ಟು ಬೆಚ್ಚಗಿರಬೇಕು ಅನ್ನುವ ಮಾತು ಬಂದರೆ ‘ಒಂದು ಬಲ್ಬ್ ಹಾಕಿ’ ಅನ್ನುವಲ್ಲಿಗೆ ಮುಗಿಯುತ್ತದೆ. ಇದರಿಂದ ನನಗೆ ನಿಜಕ್ಕೂ ಬೇಸರವಾಗುತ್ತದೆ. ಸಾಕಿದ ಹಲ್ಲಿ ಮಂಕಾಗಿ, ತಿನ್ನುವುದು ಬಿಟ್ಟು ಸೊರಗುತ್ತಾ ಹೋದಾಗ ಜನ ರೋಗ ಹುಡುಕುತ್ತಾರೆ, ಔಷಧಿ ಹುಡುಕುತ್ತಾರೆ, ಆದರೆ ಗೂಡಿನೊಳಗೆ ಎಷ್ಟು ಡಿಗ್ರಿ ಇದೆ ಅಂತ ಕೇಳಿದರೆ ಬಹಳ ಜನರಿಗೆ ಗೊತ್ತೇ ಇರುವುದಿಲ್ಲ. ಅದಕ್ಕೇ ಸ್ವಲ್ಪ ಬಿಡಿಸಿ ಬರೆಯುತ್ತಿದ್ದೇನೆ. ಉದ್ದವಾಯಿತು ಅನ್ನಿಸಿದರೂ ದಯವಿಟ್ಟು ಪೂರ್ತಿ ಪ್ರಕಟಿಸಿ.

ನಮ್ಮ ಮೈಯ ಬಿಸಿ ಒಳಗಿನಿಂದಲೇ ಹುಟ್ಟುತ್ತದೆ. ಹಲ್ಲಿಗೆ ಹಾಗಲ್ಲ, ಅದು ಹೊರಗಿನಿಂದ ಪಡೆಯಬೇಕು. ಬಿಸಿಲಿಗೆ ಬಂದು ಮೈ ಕಾಯಿಸಿಕೊಳ್ಳುತ್ತದೆ, ಸಾಕು ಅನ್ನಿಸಿದಾಗ ನೆರಳಿಗೆ ಸರಿಯುತ್ತದೆ, ತಣ್ಣಗಾದರೆ ಮತ್ತೆ ಹೊರಗೆ ಬರುತ್ತದೆ. ಶೀತರಕ್ತ ಪ್ರಾಣಿ ಅಂತ ಶಾಲೆಯಲ್ಲಿ ಓದಿದ್ದೇವಲ್ಲ, ಅದರಿಂದ ಹಲ್ಲಿಯ ಮೈ ಯಾವಾಗಲೂ ತಣ್ಣಗೆ ಅಂದುಕೊಂಡುಬಿಡುತ್ತೇವೆ. ಅದು ಸರಿಯಲ್ಲ. ರೇಮಂಡ್ ಕೌಲ್ಸ್ ಮತ್ತು ಚಾರ್ಲ್ಸ್ ಬೋಗರ್ಟ್ ಎಂಬ ವಿಜ್ಞಾನಿಗಳು ಮರುಭೂಮಿಯ ಹಲ್ಲಿಗಳನ್ನು ಗಮನಿಸಿ 1944ರಲ್ಲೇ ತೋರಿಸಿಕೊಟ್ಟರು: ಹಗಲಲ್ಲಿ ಚುರುಕಾಗಿರುವಾಗ ಈ ಪ್ರಾಣಿಗಳು ಬಿಸಿಲು ನೆರಳುಗಳ ನಡುವೆ ಓಡಾಡುತ್ತಲೇ ತಮ್ಮ ಮೈಬಿಸಿಯನ್ನು ಒಂದು ಸಣ್ಣ ಅಂತರದೊಳಗೆ ಹಿಡಿದಿಟ್ಟುಕೊಳ್ಳುತ್ತವೆ. ಅಂದರೆ ಬಿಸಿ ಎಷ್ಟು ಬೇಕು ಅನ್ನುವುದು ಹಲ್ಲಿಗೆ ಗೊತ್ತು. ಅದನ್ನು ಆರಿಸಿಕೊಳ್ಳುವುದಕ್ಕೆ ಜಾಗ ಬೇಕು, ಅಷ್ಟೇ. ಆ ಜಾಗ ಕೊಡುವುದು ಸಾಕುವವರ ಕೆಲಸ.

ಹಾಗಾಗಿ ‘ಹಲ್ಲಿಯ ಗೂಡು ಎಷ್ಟು ಡಿಗ್ರಿ ಇರಬೇಕು?’ ಅನ್ನುವ ಪ್ರಶ್ನೆಗೆ ಒಂದೇ ಅಂಕಿಯ ಉತ್ತರ ಇಲ್ಲ. ಗೂಡಿನ ಒಂದು ತುದಿ ಬಿಸಿ, ಇನ್ನೊಂದು ತುದಿ ತಂಪು, ನಡುವೆ ನಿಧಾನವಾಗಿ ಇಳಿಯುವ ಕಾವು, ಹೀಗಿರಬೇಕು. ಇಡೀ ಗೂಡನ್ನು ಒಂದೇ ಸಮ 30 ಡಿಗ್ರಿಗೆ ನಿಲ್ಲಿಸಿದರೆ, ಹಲ್ಲಿ ಬಿಸಿಯಾಗಬೇಕಾದಾಗ ಅದು ಸಾಲದು, ತಂಪಾಗಬೇಕಾದಾಗ ಜಾಸ್ತಿ. ಎರಡೂ ಕಡೆ ಅಡಗಿಕೊಳ್ಳಲು ಒಂದೊಂದು ಗೂಡುಮರೆ ಇರಲೇಬೇಕು. ಇದನ್ನು ಬಹಳ ಜನ ಮರೆಯುತ್ತಾರೆ. ಮರೆ ಬರೀ ಬಿಸಿ ಕಡೆ ಇದ್ದರೆ, ಹೆದರಿಕೆ ಸ್ವಭಾವದ ಹಲ್ಲಿ ಮೈ ಸುಡುತ್ತಿದ್ದರೂ ಅಲ್ಲೇ ಕೂರುತ್ತದೆ. ಬರೀ ತಂಪು ಕಡೆ ಇದ್ದರೆ ಚಳಿಯಾದರೂ ಹೊರಗೆ ಬರುವುದಿಲ್ಲ. ಗೂಡು ತೀರಾ ಚಿಕ್ಕದಾಗಿದ್ದರೆ ಈ ಎರಡು ತುದಿಗಳೇ ಹುಟ್ಟುವುದಿಲ್ಲ. ಬಲ್ಬ್ ಎಲ್ಲಿ ಇಟ್ಟರೂ ಇಡೀ ಪೆಟ್ಟಿಗೆ ಕಾಯುತ್ತದೆ. ಮರಿಗೆ ಚಿಕ್ಕ ಪೆಟ್ಟಿಗೆ ಸಾಕು ಅನ್ನುವವರು ಇದನ್ನು ದಯವಿಟ್ಟು ಯೋಚಿಸಬೇಕು.

ಅಂಕಿ ಬೇಕೇ ಬೇಕು ಅನ್ನುವವರಿಗೆ ಹೇಳುತ್ತೇನೆ, ಆದರೆ ಮೊದಲು ನಿಮ್ಮ ಹಲ್ಲಿ ಯಾವ ಜಾತಿ ಅಂತ ತಿಳಿದುಕೊಳ್ಳಿ. ಆಸ್ಟ್ರೇಲಿಯಾದ ಒಣ ನಾಡಿನ ಬಿಯರ್ಡೆಡ್ ಡ್ರ್ಯಾಗನ್‌ಗೆ ಮೈ ಕಾಯಿಸುವ ಕಲ್ಲಿನ ಮೇಲ್ಮೈ ಸುಮಾರು 38ರಿಂದ 42 ಡಿಗ್ರಿ ಸೆಲ್ಸಿಯಸ್ ಇರಬೇಕು, ತಂಪು ತುದಿ 24ರಿಂದ 27. ಲೆಪರ್ಡ್ ಗೆಕ್ಕೊಗೆ ಬಿಸಿ ಕಡೆಯ ನೆಲ 32ರಿಂದ 34, ತಂಪು ಕಡೆ 24ರಿಂದ 26. ಇನ್ನು ನ್ಯೂ ಕ್ಯಾಲಿಡೋನಿಯಾ ದ್ವೀಪದ ಕ್ರೆಸ್ಟೆಡ್ ಗೆಕ್ಕೊ ಇದೆಯಲ್ಲ, ಅದರ ಕಥೆಯೇ ಬೇರೆ. ಅದಕ್ಕೆ 22ರಿಂದ 26 ಡಿಗ್ರಿ ಹಿತ, 28 ದಾಟಿ ಹಾಗೇ ನಿಂತರೆ ಅದು ಸಂಕಟಪಡುತ್ತದೆ. ಬಿಯರ್ಡೆಡ್ ಡ್ರ್ಯಾಗನ್‌ಗೆ ಒಪ್ಪುವ ಗೂಡಿನಲ್ಲಿ ಕ್ರೆಸ್ಟೆಡ್ ಗೆಕ್ಕೊವನ್ನು ಇಟ್ಟರೆ ಅದನ್ನು ಕೊಂದ ಹಾಗೆಯೇ. ಇವೆರಡೂ ‘ಹಲ್ಲಿ’ಗಳೇ, ಆದರೆ ಒಂದರ ಅಂಕಿ ಇನ್ನೊಂದಕ್ಕೆ ಆಗುವುದಿಲ್ಲ. ಮಾಹಿತಿ ಹುಡುಕುವಾಗ ಇನ್ನೊಂದು ಎಚ್ಚರ ಬೇಕು. ಕೆಲವು ಕಡೆ ಅಂಕಿಗಳು ಫ್ಯಾರನ್‌ಹೀಟ್‌ನಲ್ಲಿ ಇರುತ್ತವೆ. 95 ಫ್ಯಾರನ್‌ಹೀಟ್ ಅಂದರೆ 35 ಸೆಲ್ಸಿಯಸ್. ಯಾವುದರಲ್ಲಿ ಬರೆದಿದ್ದಾರೆ ಅಂತ ನೋಡಿಕೊಂಡೇ ಮುಂದೆ ಹೋಗಿ.

ಕಾವು ಕಡಿಮೆಯಾದರೆ ಏನಾಗುತ್ತದೆ? ಮೊದಲು ಕೆಡುವುದು ಜೀರ್ಣಶಕ್ತಿ. ಹೊಟ್ಟೆ ತುಂಬಾ ಹುಳ ತಿಂದ ಹಲ್ಲಿಗೆ ಆಮೇಲೆ ಬಿಸಿ ಸಿಗದಿದ್ದರೆ ತಿಂದದ್ದು ಕರಗುವುದಿಲ್ಲ, ಒಳಗೇ ಕೊಳೆಯುತ್ತದೆ, ಕೆಲವು ಸಲ ವಾಂತಿಯಾಗಿ ಹೊರಗೆ ಬರುತ್ತದೆ. ಆಮೇಲೆ ಅದು ತಿನ್ನುವುದನ್ನೇ ಬಿಡುತ್ತದೆ. ಆಗ ಮಾಲೀಕರು ಬೇರೆ ಬೇರೆ ಹುಳ ತಂದು ಹಾಕುತ್ತಾರೆ, ಬಾಯಿ ಬಿಡಿಸಿ ತುರುಕುತ್ತಾರೆ. ತಣ್ಣಗಿರುವ ಹಲ್ಲಿಗೆ ಬಲವಂತವಾಗಿ ತಿನ್ನಿಸುವುದು ಅದಕ್ಕೆ ಇನ್ನಷ್ಟು ತೊಂದರೆ ಕೊಟ್ಟಂತೆ. ಮೂಳೆಗೂ ಇದಕ್ಕೂ ಸಂಬಂಧ ಇದೆ. ಯುವಿಬಿ ಬೆಳಕು, ಅಂದರೆ ಬಿಸಿಲಿನಲ್ಲಿ ಇರುವ ಒಂದು ಬಗೆಯ ಅತಿನೇರಳೆ ಕಿರಣ, ಬಿದ್ದಾಗ ಚರ್ಮದಲ್ಲಿ ಮೊದಲು ಹುಟ್ಟುವ ವಸ್ತು ಮೂಳೆಗೆ ಬೇಕಾದ ವಿಟಮಿನ್ ಡಿ3 ಆಗಿ ಪೂರ್ತಿ ಮಾರ್ಪಡಲು ಮೈಯಲ್ಲಿ ಬಿಸಿ ಬೇಕು. ದುಬಾರಿ ಯುವಿಬಿ ದೀಪ ತಂದು ಹಾಕಿ, ಬಿಸಿಲು ಕಾಯುವ ಜಾಗ ತಣ್ಣಗೆ ಬಿಟ್ಟರೆ ಆ ದೀಪದ ಪೂರ್ತಿ ಉಪಯೋಗ ಸಿಗುವುದಿಲ್ಲ. ಅದಕ್ಕೇ ಹಗಲು ಓಡಾಡುವ ಹಲ್ಲಿಗಳಿಗೆ ಬಿಸಿ ದೀಪ ಮತ್ತು ಯುವಿಬಿ ದೀಪ ಎರಡೂ ಒಂದೇ ಕಡೆ ಇರಬೇಕು.

ಇದರ ಜೊತೆಗೆ ಕಾಯಿಲೆಯ ವಿಷಯ. ನಮಗೆ ಸೋಂಕು ತಗುಲಿದರೆ ಜ್ವರ ಬರುತ್ತದೆ, ಹಲ್ಲಿ ಜ್ವರವನ್ನು ತಾನೇ ಹೋಗಿ ತಂದುಕೊಳ್ಳುತ್ತದೆ, ಅಂದರೆ ಜಾಸ್ತಿ ಬಿಸಿ ಇರುವ ಜಾಗಕ್ಕೆ ಹೋಗಿ ಕೂರುತ್ತದೆ. ಮ್ಯಾಥ್ಯೂ ಕ್ಲುಗರ್ ಮತ್ತು ಅವರ ಸಂಗಡಿಗರು 1975ರಲ್ಲಿ ಪ್ರಕಟಿಸಿದ ಪ್ರಯೋಗ ಇದನ್ನು ಸ್ಪಷ್ಟವಾಗಿ ತೋರಿಸಿತು. ಡೆಸರ್ಟ್ ಇಗ್ವಾನಾ ಎಂಬ ಹಲ್ಲಿಗಳಿಗೆ ಬ್ಯಾಕ್ಟೀರಿಯಾ ಸೋಂಕು ತಗುಲಿಸಿ ಬೇರೆ ಬೇರೆ ಉಷ್ಣತೆಯಲ್ಲಿ ಇಟ್ಟಾಗ, 34 ಡಿಗ್ರಿಯಲ್ಲಿದ್ದವು ಸತ್ತವು, 40 ಮತ್ತು 42 ಡಿಗ್ರಿಯಲ್ಲಿದ್ದವುಗಳಲ್ಲಿ ಹೆಚ್ಚಿನವು ಉಳಿದವು. ಆ ಅಂಕಿ ಆ ಮರುಭೂಮಿಯ ಹಲ್ಲಿಗೆ ಸೇರಿದ್ದು, ಅದನ್ನು ಎತ್ತಿ ನಿಮ್ಮ ಗೆಕ್ಕೊಗೆ ಹಾಕಬೇಡಿ. ಆದರೆ ಕಾಯಿಲೆ ಬಿದ್ದ ಹಲ್ಲಿಗೆ ಬಿಸಿ ತುದಿಯನ್ನು ಬಂದ್ ಮಾಡಿ ‘ವಿಶ್ರಾಂತಿ ತೆಗೆದುಕೊಳ್ಳಲಿ’ ಅಂತ ಬಿಡುವುದು ಎಷ್ಟು ದೊಡ್ಡ ಅನ್ಯಾಯ ಅನ್ನುವುದು ಇದರಿಂದ ಗೊತ್ತಾಗುತ್ತದೆ ಅಲ್ವಾ?

ಹಾಗಂತ ಬಿಸಿ ಜಾಸ್ತಿ ಇದ್ದಷ್ಟೂ ಒಳ್ಳೆಯದು ಅಂತ ಯಾರೂ ತಿಳಿಯಬಾರದು. ಒಂದು ಮಟ್ಟದ ತನಕ ಚಳಿಯನ್ನು ಹಲ್ಲಿ ಕೆಲವು ಗಂಟೆ, ಕೆಲವು ದಿನ ತಡೆದುಕೊಳ್ಳುತ್ತದೆ. ಅತಿ ಬಿಸಿಯನ್ನು ತಡೆಯುವುದಿಲ್ಲ, ಕೆಲವೇ ನಿಮಿಷಗಳಲ್ಲಿ ಪ್ರಾಣ ಹೋಗಬಹುದು. ಕಿಟಕಿಯ ಪಕ್ಕ ನೇರ ಬಿಸಿಲು ಬೀಳುವ ಕಡೆ ಗಾಜಿನ ತೊಟ್ಟಿ ಇಡುವವರನ್ನು ಕಂಡರೆ ನನಗೆ ಎದೆ ಧಸಕ್ಕೆನ್ನುತ್ತದೆ. ಗಾಜು ಬಿಸಿಲನ್ನು ಒಳಗೆ ಬಿಡುತ್ತದೆ, ಕಾವನ್ನು ಹೊರಗೆ ಬಿಡುವುದಿಲ್ಲ. ಸುಮ್ನೆ ಸ್ವಲ್ಪ ಬಿಸಿಲು ಸಿಗಲಿ ಅಂತ ಇಟ್ಟು ಬೇರೆ ಕೆಲಸಕ್ಕೆ ಹೋದರೆ ವಾಪಸ್ ಬರುವಷ್ಟರಲ್ಲಿ ಕಥೆ ಮುಗಿದಿರುತ್ತದೆ. ಇನ್ನೊಂದು ವಿಷಯ, ಗಾಜು ಯುವಿಬಿಯನ್ನು ಬಹುಮಟ್ಟಿಗೆ ತಡೆದುಬಿಡುತ್ತದೆ, ಆದ್ದರಿಂದ ಕಿಟಕಿ ಬಿಸಿಲಿನಿಂದ ಆ ಲಾಭವೂ ಇಲ್ಲ.

ಈಗ ಅಳತೆಯ ವಿಷಯಕ್ಕೆ ಬರುತ್ತೇನೆ, ನಾನು ಈ ಪತ್ರ ಬರೆಯಲು ಮುಖ್ಯ ಕಾರಣವೇ ಅದು. ಮಾರುವವರು ಹಲ್ಲಿ, ಗಾಜಿನ ಪೆಟ್ಟಿಗೆ, ಬಲ್ಬ್ ಮೂರನ್ನೂ ಕಟ್ಟಿ ಕೊಡುತ್ತಾರೆ, ಥರ್ಮಾಮೀಟರ್ ಕೊಡುವುದಿಲ್ಲ. ಕೊಟ್ಟರೂ ಗಾಜಿಗೆ ಅಂಟಿಸುವ ಗುಂಡನೆಯ ಮುಳ್ಳಿನ ಮೀಟರ್. ಅದನ್ನು ನಂಬುವ ಹಾಗಿಲ್ಲ, ಅದು ತೋರಿಸುವುದೂ ಅದು ಅಂಟಿರುವ ಗೋಡೆಯ ಹತ್ತಿರದ ಗಾಳಿಯನ್ನು ಮಾತ್ರ. ಹಲ್ಲಿ ಗೋಡೆಯ ಮಧ್ಯದಲ್ಲಿ ಮಲಗುವುದಿಲ್ಲವಲ್ಲ! ಹಲ್ಲಿಯ ಹೊಟ್ಟೆ ತಾಗುವ ಕಲ್ಲು ಎಷ್ಟು ಬಿಸಿ ಇದೆ, ಅದರ ಬೆನ್ನಿನ ಎತ್ತರದಲ್ಲಿ ಗಾಳಿ ಎಷ್ಟು ಬಿಸಿ ಇದೆ, ಇವೆರಡೂ ಬೇಕು. ಮೇಲ್ಮೈಗೆ ಗುರಿಯಿಟ್ಟು ಗುಂಡಿ ಒತ್ತುವ ಇನ್‌ಫ್ರಾರೆಡ್ ಥರ್ಮಾಮೀಟರ್, ಗಾಳಿಗೆ ತಂತಿಯ ತುದಿಯಲ್ಲಿ ಪ್ರೋಬ್, ಅಂದರೆ ಬಿಸಿ ಅಳೆಯುವ ಕಡ್ಡಿ, ಇರುವ ಡಿಜಿಟಲ್ ಥರ್ಮಾಮೀಟರ್. ಪ್ರೋಬ್ ಇರುವುದು ಎರಡಾದರೂ ಇರಲಿ, ಬಿಸಿ ಕಡೆ ಒಂದು, ತಂಪು ಕಡೆ ಒಂದು. ಹಲ್ಲಿಯನ್ನು ಒಳಗೆ ಬಿಡುವ ಮೊದಲೇ ಗೂಡನ್ನು ಒಂದೆರಡು ದಿನ ಖಾಲಿ ಓಡಿಸಿ ನೋಡಿ, ಬೆಳಿಗ್ಗೆ, ಮಧ್ಯಾಹ್ನ, ರಾತ್ರಿ ಅಳೆಯಿರಿ. ಬಲ್ಬ್ ಜಾಸ್ತಿ ಬಿಸಿ ಅನ್ನಿಸಿದರೆ ಕಡಿಮೆ ವ್ಯಾಟ್‌ನದು ಹಾಕಿ, ಇಲ್ಲವೇ ಎತ್ತರಕ್ಕೆ ಏರಿಸಿ. ಕೆಲವೇ ಸೆಂಟಿಮೀಟರ್ ಅಂತರ ಬದಲಾದರೂ ಕಲ್ಲಿನ ಬಿಸಿಯಲ್ಲಿ ಚೆನ್ನಾಗಿ ವ್ಯತ್ಯಾಸ ಕಾಣುತ್ತದೆ.

ಅಳೆದರೆ ಸಾಲದು, ಹಿಡಿತವೂ ಬೇಕು. ಬಿಸಿ ಕೊಡುವ ಯಾವ ಉಪಕರಣವನ್ನೂ ಥರ್ಮೋಸ್ಟಾಟ್, ಅಂದರೆ ಕಾವನ್ನು ನಾವು ಇಟ್ಟ ಮಟ್ಟದಲ್ಲಿ ತಾನೇ ಹಿಡಿದಿಡುವ ಸಾಧನ, ಇಲ್ಲದೆ ಹಾಕಬೇಡಿ. ಗೂಡಿನ ಅಡಿಗೆ ಹಾಕುವ, ಕರೆಂಟಿನಿಂದ ಕಾಯುವ ಹಾಸಿಗೆ, ಅಂದರೆ ಹೀಟ್ ಮ್ಯಾಟ್‌ಗೆ ಆನ್-ಆಫ್ ಆಗುವ ಥರ್ಮೋಸ್ಟಾಟ್ ಸಾಕು. ಬಲ್ಬ್‌ಗೆ ಅದನ್ನು ಹಾಕಿದರೆ ದೀಪ ಹತ್ತುತ್ತಾ ಆರುತ್ತಾ ಹಲ್ಲಿಗೆ ಕಿರಿಕಿರಿ, ಬಲ್ಬೂ ಬೇಗ ಹೋಗುತ್ತದೆ. ಅದಕ್ಕೆ ಬೆಳಕನ್ನು ನಿಧಾನಕ್ಕೆ ತಗ್ಗಿಸಿ ಏರಿಸುವ ಡಿಮ್ಮಿಂಗ್ ಥರ್ಮೋಸ್ಟಾಟ್ ಬೇಕು. ಥರ್ಮೋಸ್ಟಾಟ್‌ನ ಪ್ರೋಬ್ ಜಾರಿ ಬೇರೆ ಕಡೆ ಬಿದ್ದರೆ ಏನಾಗುತ್ತದೆ ಯೋಚಿಸಿ: ತಂಪು ಮೂಲೆಯಲ್ಲಿ ಬಿದ್ದ ಪ್ರೋಬ್ ‘ಇನ್ನೂ ಚಳಿ’ ಅನ್ನುತ್ತಲೇ ಇರುತ್ತದೆ, ಹೀಟರ್ ಉರಿಯುತ್ತಲೇ ಇರುತ್ತದೆ. ಅದನ್ನು ಭದ್ರವಾಗಿ ಕಟ್ಟಿ, ದಿನಾ ಒಮ್ಮೆ ನೋಡಿ. ಮ್ಯಾಟ್ ಮೇಲೆ ದಪ್ಪ ಮಣ್ಣು ಹರಡಿದರೆ ಬಿಸಿ ಕೆಳಗೇ ಸಿಕ್ಕಿಕೊಂಡು ಗಾಜು ಬಿರುಕು ಬಿಡಬಹುದು, ಮೇಲೆ ಕೂತ ಹಲ್ಲಿಗೆ ಬಿಸಿಯೂ ತಲುಪುವುದಿಲ್ಲ. ಕರೆಂಟಿನಿಂದ ಕಾಯುವ ನಕಲಿ ಬಂಡೆಗಳಿವೆಯಲ್ಲ, ಹೀಟ್ ರಾಕ್, ಅವನ್ನಂತೂ ತರಲೇಬೇಡಿ. ಅವು ಒಂದೊಂದು ಕಡೆ ಒಂದೊಂದು ರೀತಿ ಕಾಯುತ್ತವೆ. ಮೇಲಿನ ಗಾಳಿ ತಣ್ಣಗಿದ್ದರೆ ಹಲ್ಲಿ ಅದನ್ನೇ ಅಪ್ಪಿ ಮಲಗುತ್ತದೆ, ಹೊಟ್ಟೆ ಸುಟ್ಟರೂ ಏಳುವುದಿಲ್ಲ. ಆ ಸುಟ್ಟ ಗಾಯ ವಾಸಿಯಾಗಲು ತಿಂಗಳುಗಳೇ ಬೇಕು. ಹಗಲಿನ ಹಲ್ಲಿಗಳಿಗೆ ಮೇಲಿನಿಂದ ಬೀಳುವ ಹ್ಯಾಲೊಜೆನ್ ಬಲ್ಬ್ ನನ್ನ ಪ್ರಕಾರ ಎಲ್ಲಕ್ಕಿಂತ ಒಳ್ಳೆಯದು, ಸೂರ್ಯನ ಹಾಗೆ ಬೆಳಕು ಬಿಸಿ ಎರಡನ್ನೂ ಒಂದೇ ಕಡೆಯಿಂದ ಕೊಡುತ್ತದೆ, ಅದರ ಕಾವು ಮೈಯೊಳಗೆ ಆಳಕ್ಕೂ ಇಳಿಯುತ್ತದೆ. ಹಲ್ಲಿಯ ಮೈ ತಾಗದ ಹಾಗೆ ಅದಕ್ಕೊಂದು ತಂತಿಯ ಬಲೆ ಹಾಕಬೇಕು.

ರಾತ್ರಿಗೆ ಕೆಂಪು ಬಲ್ಬ್ ಹಾಕಿ ಅನ್ನುವ ಸಲಹೆ ಇನ್ನೂ ಓಡಾಡುತ್ತಿದೆ. ಹಲ್ಲಿಗೆ ಕೆಂಪು ಕಾಣುವುದಿಲ್ಲ ಅನ್ನುವುದು ತಪ್ಪು. ಹಗಲು ಓಡಾಡುವ ಬಹಳಷ್ಟು ಹಲ್ಲಿಗಳ ಬಣ್ಣದ ನೋಟ ನಮಗಿಂತ ಚೆನ್ನಾಗಿದೆ, ಕೆಲವು ಗೆಕ್ಕೊಗಳು ಮಬ್ಬುಗತ್ತಲಲ್ಲೂ ಬಣ್ಣ ಗುರುತಿಸುತ್ತವೆ. ರಾತ್ರಿ ಕತ್ತಲಾಗಿರಬೇಕು, ಕಾವೂ ಸ್ವಲ್ಪ ಇಳಿಯಬೇಕು, ಬಯಲಲ್ಲೂ ಹಾಗೇ ಅಲ್ವಾ. ಆರೋಗ್ಯವಾಗಿರುವ ಬಿಯರ್ಡೆಡ್ ಡ್ರ್ಯಾಗನ್ ಅಥವಾ ಲೆಪರ್ಡ್ ಗೆಕ್ಕೊಗೆ ರಾತ್ರಿ 20 ಡಿಗ್ರಿಯ ಹತ್ತಿರ ಬಂದರೆ ಏನೂ ತೊಂದರೆ ಇಲ್ಲ. ಅದಕ್ಕಿಂತ ತಣ್ಣಗಾಗುವ ಮನೆಯಾದರೆ ಬೆಳಕು ಬಾರದ ಸೆರಾಮಿಕ್ ಹೀಟರ್ ಹಾಕಬಹುದು, ಥರ್ಮೋಸ್ಟಾಟ್ ಜೊತೆಗೆ.

ಕರೆಂಟ್ ಹೋದರೆ ಗಾಬರಿ ಬೇಡ. ಗೂಡಿನ ಮೇಲೆ ಗಾಳಿಯಾಡುವಷ್ಟು ಬಿಟ್ಟು ಕಂಬಳಿ ಹೊದಿಸಿ, ಬಿಸಿನೀರಿನ ಬಾಟಲಿಯನ್ನು ಬಟ್ಟೆಯಲ್ಲಿ ಸುತ್ತಿ ಒಂದು ಪಕ್ಕ ಇಡಿ. ಬಿಸಿ ವಾಪಸ್ ಬರುವ ತನಕ ತಿನ್ನಲು ಕೊಡಬೇಡಿ, ಮೇಣದಬತ್ತಿಯನ್ನು ಗೂಡಿನ ಹತ್ತಿರಕ್ಕೂ ತರಬೇಡಿ.

ಎಷ್ಟೇ ಮೀಟರ್ ಇದ್ದರೂ ಕೊನೆಗೆ ಹಲ್ಲಿಯನ್ನೇ ನೋಡಬೇಕು. ಇಡೀ ದಿನ ಬಲ್ಬ್ ಕೆಳಗೇ ಚಪ್ಪಟೆಯಾಗಿ ಅಂಟಿಕೊಂಡಿದ್ದರೆ ಬಿಸಿ ಸಾಲುತ್ತಿಲ್ಲ. ಇಡೀ ದಿನ ತಂಪು ಮೂಲೆಯಲ್ಲಿ, ಗಾಜು ಪರಚುತ್ತಾ ಇದ್ದರೆ ಜಾಸ್ತಿಯಾಗಿದೆ. ಬಿಯರ್ಡೆಡ್ ಡ್ರ್ಯಾಗನ್ ಬಿಸಿ ಕಲ್ಲಿನ ಮೇಲೆ ಕೂತು ಬಾಯಿ ತೆರೆದರೆ ಅದು ಮೈಬಿಸಿ ಇಳಿಸಿಕೊಳ್ಳುವ ರೀತಿ, ಹೆದರಬೇಕಾಗಿಲ್ಲ. ತಂಪು ಕಡೆ ಇದ್ದೂ ಬಾಯಿ ತೆರೆದು ಉಸಿರಾಡುತ್ತಿದ್ದರೆ, ಬಾಯಲ್ಲಿ ಮೂಗಲ್ಲಿ ಗುಳ್ಳೆ ಬರುತ್ತಿದ್ದರೆ ಮಾತ್ರ ತಡಮಾಡದೆ ಸರೀಸೃಪಗಳನ್ನು ನೋಡುವ ಪಶುವೈದ್ಯರ ಹತ್ತಿರ ಹೋಗಿ. ಹೋಗುವಾಗ ಬಿಸಿ ತುದಿ, ತಂಪು ತುದಿ, ರಾತ್ರಿಯ ಅಂಕಿ ಮೂರನ್ನೂ ಬರೆದುಕೊಂಡು ಹೋಗಿ. ವೈದ್ಯರು ಮೊದಲು ಕೇಳುವ ಪ್ರಶ್ನೆಗಳಲ್ಲಿ ಅದೂ ಒಂದು.

ನಾನು ಹೇಳುತ್ತಿರುವುದೆಲ್ಲ ಸಾಕಣೆಯಲ್ಲೇ ಹುಟ್ಟಿದ ಹಲ್ಲಿಗಳ ಬಗ್ಗೆ. ಕಾಡಿನಿಂದ, ತೋಟದಿಂದ ಹಿಡಿದು ತಂದು ಗಾಜಿನೊಳಗೆ ಇಡುವುದನ್ನು ನಾನು ಒಪ್ಪುವುದಿಲ್ಲ, ಎಷ್ಟು ಸರಿಯಾಗಿ ಬಿಸಿ ಮಾಡಿದರೂ ಒಪ್ಪುವುದಿಲ್ಲ.

ಮಾರುವವರಲ್ಲಿ ನನ್ನ ಕೇಳಿಕೆ ಒಂದೇ. ಹಲ್ಲಿಯ ಜೊತೆ ಅದರ ಜಾತಿ, ಬಿಸಿ ತುದಿ, ತಂಪು ತುದಿ, ರಾತ್ರಿ ಎಷ್ಟು ಅಂತ ಬರೆದ ಒಂದು ಚೀಟಿ ಕೊಡಿ, ಥರ್ಮಾಮೀಟರ್ ಮತ್ತು ಥರ್ಮೋಸ್ಟಾಟ್ ಇಲ್ಲದವರಿಗೆ ಪ್ರಾಣಿಯನ್ನು ಕೊಡಲೇಬೇಡಿ. ವ್ಯಾಪಾರ ಒಂದು ವಾರ ತಡವಾದರೆ ಏನೂ ಆಗುವುದಿಲ್ಲ. ಸಂಪಾದಕರೇ, ಮುಂದಿನ ಸಲ ನೀವು ಸಾಕು ಹಲ್ಲಿಯ ಫೋಟೋ ಹಾಕುವಾಗ ಅದರ ಕೆಳಗೆ ಆ ನಾಲ್ಕು ಮಾಹಿತಿಯನ್ನೂ ಅಚ್ಚು ಹಾಕಿಸಿ. ಫೋಟೋ ನೋಡಿ ಆಸೆಪಟ್ಟವರು ಕೊಳ್ಳುವ ಮೊದಲೇ ಅದನ್ನು ಓದಲಿ.

ಇಂತಿ,
ನಿಮ್ಮ ಪತ್ರಿಕೆಯ ಓದುಗ