ಅಕ್ಕಾವರೇ, ಅದು ಖಾಲಿ ಜಾಗ ಅಲ್ಲ: ನಮ್ಮ ವಾರ್ಡಿನ ಸದಸ್ಯರಿಗೊಂದು ಬಹಿರಂಗ ಪತ್ರ

ನಮಸ್ಕಾರ ಅಕ್ಕಾವರೇ,

ಹೋದ ತಿಂಗಳ ವಾರ್ಡ್ ಸಭೆಯಲ್ಲಿ ನಾನು ಹಿಂದಿನ ಸಾಲಿನಲ್ಲಿ, ಫ್ಯಾನ್ ಗಾಳಿ ಬರದ ಕಡೆ ಕೂತಿದ್ದೆ. ನೀವು ಮಾತಾಡ್ತಾ 'ಬಡಾವಣೆ ಹಿಂದಿನ ಆ ಖಾಲಿ ಜಾಗದಲ್ಲಿ ಸಮುದಾಯ ಭವನ ಕಟ್ಟಿಸ್ತೇವೆ' ಅಂದಿರಿ. ಜನ ಚಪ್ಪಾಳೆ ಹೊಡೆದರು. ನಾನೂ ಹೊಡೆದೆ, ಯಾವ ಜಾಗ ಅಂತ ಹೊಳೆದಾಗ ಕೈ ಅರ್ಧಕ್ಕೇ ನಿಂತಿತು. ಅಲ್ಲೇ ಎದ್ದು ಕೇಳಬೇಕಿತ್ತು. ಆಗಲಿಲ್ಲ. ನಾನು ಬೇಳೆ ಮಿಲ್‌ನಲ್ಲಿ ಲೆಕ್ಕ ಬರೆಯೋ ಮನುಷ್ಯ, ಮೈಕ್ ಕಂಡರೆ ಗಂಟಲು ಒಣಗುತ್ತೆ. ಅದಕ್ಕೇ ಈ ಪತ್ರ. ನಾಲ್ಕು ಜನ ಓದಲಿ ಅಂತಲೇ ಬಹಿರಂಗವಾಗಿ ಬರೀತಿದ್ದೇನೆ, ಬೇಜಾರು ಮಾಡ್ಕೋಬೇಡಿ.

ಆ ಜಾಗದಲ್ಲಿ ನಮ್ಮ ಫುಟ್‌ಬಾಲ್ ಕ್ಲಬ್ ಇದೆ. ಬೋರ್ಡ್ ಇಲ್ಲ, ಆಫೀಸ್ ಇಲ್ಲ. ಒಂದು ತಗಡಿನ ಟ್ರಂಕು ಇದೆ, ಅದೂ ನಮ್ಮ ಮನೆ ಮಂಚದ ಕೆಳಗೆ. ಅಪ್ಪ ಇಲ್ಲಿ ಗೋಲ್‌ಕೀಪರ್ ಆಗಿದ್ದರು, ನಾನು ಲೆಫ್ಟ್ ಬ್ಯಾಕ್. ಈಗ ನನ್ನ ಮಗಳು ಆಡ್ತಾಳೆ, ನನಗಿಂತ ಚೆನ್ನಾಗಿ.

ಕಲಬುರಗಿಗೂ ಫುಟ್‌ಬಾಲ್‌ಗೂ ಏನು ಸಂಬಂಧ ಅಂತ ನಗೋರಿದ್ದಾರೆ. ಅವರಿಗೆ ನಮ್ಮ ಹಳೇ ರಾಜಧಾನಿ ಮರೆತುಹೋಗಿದೆ. 1948ರ ತನಕ ನಾವು ನಿಜಾಮರ ಕೆಳಗೆ, 1956ರ ತನಕ ಹೈದರಾಬಾದ್ ರಾಜ್ಯದಲ್ಲಿ ಇದ್ದವರು. ಕಚೇರಿ ಕೆಲಸಕ್ಕೂ ಹೈದರಾಬಾದ್, ದೊಡ್ಡ ಆಸ್ಪತ್ರೆಗೂ ಹೈದರಾಬಾದ್, ಮದುವೆ ಬಟ್ಟೆಗೂ ಅದೇ. ಆ ಊರಿನ ಸಿಟಿ ಪೊಲೀಸ್ ತಂಡ 1950ರಿಂದ 1954ರ ತನಕ ಐದು ವರ್ಷ ಬಿಡದೆ ಬಾಂಬೆಯ ರೋವರ್ಸ್ ಕಪ್ ಗೆದ್ದಿತ್ತು. ಅದರ ಕೋಚ್ ಸೈಯದ್ ಅಬ್ದುಲ್ ರಹೀಮ್ ಸಾಹೇಬರು ಮೊದಲು ಶಾಲಾ ಮೇಷ್ಟ್ರು. ಅವರೇ ಭಾರತ ತಂಡವನ್ನು 1956ರಲ್ಲಿ ಮೆಲ್ಬರ್ನ್ ಒಲಿಂಪಿಕ್ಸ್‌ಗೆ ಕರ್ಕೊಂಡು ಹೋಗಿ ನಾಲ್ಕನೇ ಸ್ಥಾನಕ್ಕೆ ತಂದರು, 1962ರಲ್ಲಿ ಜಕಾರ್ತಾದಲ್ಲಿ ದಕ್ಷಿಣ ಕೊರಿಯಾವನ್ನು 2-1ರಿಂದ ಸೋಲಿಸಿ ಏಷ್ಯನ್ ಗೇಮ್ಸ್ ಚಿನ್ನ ಗೆಲ್ಲಿಸಿದರು. ಅಪ್ಪ ಹೇಳ್ತಿದ್ದ ಒಂದು ಲೆಕ್ಕ ಇದೆ. ನಮ್ಮ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿದ್ದು 1956ರ ನವೆಂಬರ್ 1ಕ್ಕೆ. ಸರಿಯಾಗಿ ತಿಂಗಳಿಗೆ, ಡಿಸೆಂಬರ್ 1ಕ್ಕೆ, ಮೆಲ್ಬರ್ನ್‌ನಲ್ಲಿ ಭಾರತ ಆಸ್ಟ್ರೇಲಿಯಾವನ್ನು ಅವರ ನೆಲದಲ್ಲೇ 4-2ರಿಂದ ಹೊಡೆಯಿತು, ಅದರಲ್ಲಿ ನೆವಿಲ್ ಡಿಸೋಜಾ ಒಬ್ಬರದೇ ಮೂರು ಗೋಲ್. 'ರಾಜ್ಯ ಬದಲಾಯ್ತು, ಟೀಮ್ ಬದಲಾಗಲಿಲ್ಲ ನೋಡು' ಅಂತಿದ್ದರು ಅಪ್ಪ.

ಅವರ ಕಾಲದ ಬಾಲ್ ಈಗಿನ ಥರ ಇರಲಿಲ್ಲ. ಮೇಲೆ ಚರ್ಮ, ಒಳಗೆ ರಬ್ಬರ್ ಬ್ಲಾಡರ್, ಬಾಯಿಗೆ ಶೂ ಥರ ಲೇಸು. ಮಳೆಗೆ ನೆನೆದರೆ ಕಲ್ಲಿನ ಭಾರ, ಹೆಡ್ ಮಾಡಿದವನ ಹಣೆ ಮೇಲೆ ಲೇಸಿನ ಗುರುತು. ಹೊಲಿಗೆ ಬಿಚ್ಚಿದರೆ ಸೂಪರ್ ಮಾರ್ಕೆಟ್ ಹತ್ತಿರ ಕೂರ್ತಿದ್ದ ಮೋಚಿ ಕಾಕಾ ಹೊಲಿದು ಕೊಡ್ತಿದ್ದರು, ದುಡ್ಡು ತಗೊಳ್ತಿರಲಿಲ್ಲ. ಭಾನುವಾರ ಮ್ಯಾಚಿಗೆ ಬಂದು ಗೋಲ್ ಹಿಂದೆ ನಿಲ್ತಿದ್ದರು. ಆಟ ನೋಡೋಕಲ್ಲ, ತಮ್ಮ ಹೊಲಿಗೆ ಬಿಡ್ತಾ ಇಲ್ವಾ ಅಂತ ನೋಡೋಕೆ!

ಮೈದಾನದಲ್ಲಿ ಆಟ ಬಿಟ್ಟು ಬೇರೆ ಕಾರ್ಯಕ್ರಮಗಳೂ ಆಗ್ತವೆ. ನಮಗೇನೂ ತಕರಾರಿಲ್ಲ. ನಿಮ್ಮ ಮನೆ ಮದುವೆ ಶಾಮಿಯಾನ ಹಾಕಿದ್ದೂ ಇಲ್ಲೇ ಅಲ್ವಾ, ಅವತ್ತಿನ ಹುಗ್ಗಿ ನನಗಿನ್ನೂ ನೆನಪಿದೆ. ಆದರೆ ಮಾರನೇ ದಿನ ಇಲ್ಲಿ ಏನಾಗುತ್ತೆ ಅಂತ ನೀವು ನೋಡಿರಲಿಕ್ಕಿಲ್ಲ. ಬೆಳಿಗ್ಗೆ ಐದೂವರೆಗೆ ಇಪ್ಪತ್ತು ಹುಡುಗರು ಒಂದು ಗೋಲಿನಿಂದ ಇನ್ನೊಂದರ ತನಕ, ಹೊಲದಲ್ಲಿ ಕಳೆ ತೆಗೆಯೋರ ಹಾಗೆ ಸಾಲಾಗಿ ಬಗ್ಗಿ ನಡೀತಾರೆ. ಮೊಳೆ, ಗಾಜಿನ ಚೂರು, ಬಾಟಲಿ ಮುಚ್ಚಳ, ತಂತಿ. ಗಾಜು ಒಂದು ಚೀಲಕ್ಕೆ, ಮೊಳೆ ಹಳೇ ಡಾಲ್ಡಾ ಡಬ್ಬಿಗೆ. ಕಂಬದ ಗುಳಿಗಳಿಗೆ ಮಣ್ಣು ತುಂಬಿ ಹಿಮ್ಮಡಿಯಿಂದ ತುಳೀತಾರೆ. ಇಷ್ಟಾದ ಮೇಲೂ ಯಾರೋ ಒಬ್ಬ ಬರಿಗಾಲಲ್ಲಿ ಪೂರ್ತಿ ಓಡಿ 'ಸಾಫ್ ಅದ' ಅನ್ನಬೇಕು, ಆಮೇಲೇ ಬಾಲ್ ಹೊರಗೆ ಬರೋದು. ಡಬ್ಬಿ ತುಂಬಿದರೆ ಗುಜರಿಗೆ. ಆ ದುಡ್ಡಿಗೆ ಇನ್ನಷ್ಟು ಸೇರಿಸಿ ಒಂದು ಸಲ ಗಾಳಿ ಪಂಪ್ ತಗೊಂಡೆವು. ಅಂದರೆ ನಮ್ಮ ಬಾಲ್‌ನಲ್ಲಿರೋ ಗಾಳಿಗೆ ವಾರ್ಡಿನ ಮದುವೆಗಳದ್ದೂ ಪಾಲಿದೆ.

ಇಲ್ಲಿ ಆಡೋರ ಬಾಯಲ್ಲಿ ಒಂದೇ ಭಾಷೆ ಇಲ್ಲ. 'ಎಡಕ್ಕ ಹಾಕಲೇ' ಅಂತ ಒಬ್ಬ ಕೂಗಿದರೆ 'ದೇ ರೇ, ಜಲ್ದಿ ದೇ' ಅಂತ ಇನ್ನೊಬ್ಬ, ಮಧ್ಯೆ ತೆಲುಗು ಬಯ್ಗುಳ. ರಂಜಾನ್ ತಿಂಗಳಲ್ಲಿ ಪ್ರಾಕ್ಟೀಸ್ ಸಮಯ ಬದಲಾಗುತ್ತೆ, ಶರಣಬಸವೇಶ್ವರ ಜಾತ್ರೆಗೆ ರಜೆ. ಇದಕ್ಕೆ ಯಾರೂ ಮೀಟಿಂಗ್ ಮಾಡಿ ನಿರ್ಧಾರ ಮಾಡಿದ್ದಲ್ಲ.

2020ರ ಮಾರ್ಚ್ ನೆನಪಿದೆಯಾ? ದೇಶದಲ್ಲೇ ಕೋವಿಡ್‌ನ ಮೊದಲ ಸಾವು ನಮ್ಮೂರಿನವರೊಬ್ಬರದು. ಟಿವಿ ಹಚ್ಚಿದರೆ ಕಲಬುರಗಿ, ಕಲಬುರಗಿ. ಜನ ಬಾಗಿಲು ತೆಗೆಯೋಕೂ ಹೆದರ್ತಿದ್ದರು. ಆಗ ಯಾರ ಮನೇಲಿ ಶುಗರ್ ಮಾತ್ರೆ ಬೇಕು, ಯಾರ ಮನೇಲಿ ಅಜ್ಜಿ ಒಬ್ಬರೇ ಇದ್ದಾರೆ ಅನ್ನೋದು ಯಾರಿಗಾದರೂ ಗೊತ್ತಿದ್ದರೆ ಅದು ಕ್ಲಬ್ ಹುಡುಗರಿಗೆ. ಹೇಗೆ ಅಂತೀರಾ? ಬಾಲ್ ತರೋಕೆ ಕಾಂಪೌಂಡ್ ಹಾರಿ ಹಾರಿ, ಬೈಸಿಕೊಂಡು ಬೈಸಿಕೊಂಡು, ಪ್ರತಿ ಮನೆಯ ಪರಿಚಯ ಅವರಿಗಿತ್ತು. ಬಾಲ್ ಒಯ್ಯೋ ಬಲೆ ಚೀಲದಲ್ಲೇ ಉಳ್ಳಾಗಡ್ಡಿ, ಬದನೆಕಾಯಿ, ಜೋಳದ ಹಿಟ್ಟಿನ ಪೊಟ್ಟಣ ತುಂಬಿ ಮನೆಮನೆಗೆ ಮುಟ್ಟಿಸಿದರು. ಮ್ಯಾಚಲ್ಲಿ ಸತ್ತರೂ ಯಾರಿಗೂ ಪಾಸ್ ಕೊಡದ ಸ್ಟ್ರೈಕರ್ ಒಬ್ಬ ಇದ್ದಾನೆ ನಮ್ಮಲ್ಲಿ. ಎಲ್ಲರಿಗಿಂತ ಜಾಸ್ತಿ ಮನೆ ತಿರುಗಿದವನು ಅವನೇ.

ಈಗ ಭವನದ ವಿಷಯಕ್ಕೆ ಬರ್ತೇನೆ. ಫುಟ್‌ಬಾಲ್ ನಿಯಮದಲ್ಲಿ ಮೈದಾನದ ಉದ್ದ ಕಮ್ಮಿ ಅಂದರೆ 90 ಮೀಟರ್, ಜಾಸ್ತಿ ಅಂದರೆ 120. ಅಗಲ 45ರಿಂದ 90. ನಮ್ಮದನ್ನು ಟೇಪ್ ಹಿಡಿದು ಅಳೆದೆವು, 96 ಉದ್ದ, 58 ಅಗಲ. ರಸ್ತೆ ಕಡೆಯಿಂದ ಭವನಕ್ಕೆ 20 ಮೀಟರ್ ಬೇಕು ಅಂತ ಕೇಳಿದೆ. ಉಳಿಯೋದು 76. 'ಉಳಿದ ಜಾಗದಲ್ಲಿ ಆಡ್ಕೊಳ್ಳಿ' ಅಂತ ನಿಮ್ಮ ಜೊತೆ ಬಂದಿದ್ದ ಒಬ್ಬರು ಅಂದರು. ಸೀರೆಯಲ್ಲಿ ನಾಲ್ಕು ಮೊಳ ಕತ್ತರಿಸಿಕೊಂಡು ಉಳಿದಿದ್ದು ಉಟ್ಕೊಳ್ಳಿ ಅಂದ ಹಾಗಾಯ್ತು.

ಭವನ ಬೇಡ ಅಂತ ನಾನು ಹೇಳ್ತಿಲ್ಲ. ಬಡವರ ಮನೆ ಮದುವೆಗೆ ಜಾಗ ಬೇಕು, ನಿಜ. ಆದರೆ ಎರಡು ಗಲ್ಲಿ ಆಚೆ ಈಗಾಗಲೇ ಒಂದು ಭವನ ಇದೆ, ವರ್ಷದಲ್ಲಿ ಜಾಸ್ತಿ ದಿನ ಅದಕ್ಕೆ ಬೀಗ. ಮೊದಲು ಆ ಬೀಗ ತೆಗೆಸಿ, ನೀರು, ಕರೆಂಟು ಕೊಡಿಸಿ, ಬೇಕಾದರೆ ಮೇಲೊಂದು ಮಹಡಿ ಏರಿಸಿ. ಇನ್ನೊಂದು ವಿಷಯ, ಇದು ಎರೆ ಮಣ್ಣು. ಮಳೆಗೆ ಉಬ್ಬುತ್ತೆ, ಬೇಸಿಗೆಗೆ ಬಿರಿಯುತ್ತೆ, ಮೇ ತಿಂಗಳಲ್ಲಿ ಬಿರುಕಿನೊಳಗೆ ನನ್ನ ಅಂಗೈ ಅಡ್ಡ ಹೋಗುತ್ತೆ. ಇದರ ಮೇಲೆ ಕಟ್ಟೋ ಗೋಡೆ ಸೀಳದೆ ಇರಬೇಕಾದರೆ ಅಡಿಪಾಯಕ್ಕೇ ಎಷ್ಟು ಸುರೀಬೇಕು ಅಂತ ಎಂಜಿನಿಯರ್ ಸಾಹೇಬರನ್ನು ಒಂದು ಮಾತು ಕೇಳಿ. ಅದರಲ್ಲಿ ಸ್ವಲ್ಪ ದುಡ್ಡಿಗೆ ಮೈದಾನಕ್ಕೆ ಒಂದು ಪದರ ಗರಸು ಹಾಕಿ ರೋಲರ್ ಓಡಿಸಿದರೆ ಹುಡುಗರ ಕಾಲು ಉಳುಕೋದು ತಪ್ಪುತ್ತೆ. ಒಂದು ನಲ್ಲಿ, ಒಂದು ಶೌಚಾಲಯ ಆದರೆ ಇನ್ನೂ ಒಳ್ಳೇದು. ಎಂಟು ಹುಡುಗಿಯರು ಬರ್ತಾರೆ, ಹದಿನಾಲ್ಕು ದಾಟಿದ ಮೇಲೆ ಒಬ್ಬೊಬ್ಬರೇ ಬಿಡ್ತಾರೆ. ಯಾಕೆ ಅಂತ ನಿಮಗೆ ನಾನು ಬಿಡಿಸಿ ಹೇಳಬೇಕಾಗಿಲ್ಲ.

ಎಲ್ಲಕ್ಕಿಂತ ಮುಖ್ಯವಾಗಿ ಒಂದು ಕಾಗದದ ಕೆಲಸ ಇದೆ. ನಮ್ಮ ರಾಜ್ಯದಲ್ಲಿ ಉದ್ಯಾನ, ಆಟದ ಮೈದಾನ, ಬಯಲು ಜಾಗ ಉಳಿಸೋಕೆ ಅಂತಲೇ 1985ರ ಒಂದು ಕಾಯ್ದೆ ಇದೆ. ಅದರ ಪಟ್ಟಿಯಲ್ಲಿ ಸೇರಿದ ಜಾಗಕ್ಕೆ ಒಂದು ರಕ್ಷಣೆ ಸಿಗುತ್ತೆ. ನಮ್ಮ ಜಾಗದ ಉತಾರದಲ್ಲಿ ಮಾತ್ರ 'ಖಾಲಿ ನಿವೇಶನ' ಅಂತಿದೆ. ಬದಲಾಯಿಸಿ ಅಂತ ಮೂರು ಅರ್ಜಿ ಕೊಟ್ಟೆವು, ಮೂರಕ್ಕೂ ಸ್ವೀಕೃತಿ ಸೀಲು ಬಿತ್ತು, ಉತ್ತರ ಬರಲಿಲ್ಲ. ನಾಲ್ಕನೇದನ್ನು ನಿಮ್ಮ ಸಹಿ ಜೊತೆ ಕೊಡೋಣ ಅಂತ ಆಸೆ. ಅಲ್ಲಿ 'ಆಟದ ಮೈದಾನ' ಅಂತ ಎರಡೇ ಪದ ಬರೆಸಿಬಿಡಿ.

2023ರ ಮಾರ್ಚ್‌ನಲ್ಲಿ ರಿಯಾದ್‌ನಲ್ಲಿ ಕರ್ನಾಟಕ ತಂಡ ಮೇಘಾಲಯವನ್ನು 3-2ರಿಂದ ಸೋಲಿಸಿ 54 ವರ್ಷದ ಮೇಲೆ ರಾಜ್ಯ ತಂಡಗಳ ರಾಷ್ಟ್ರೀಯ ಫುಟ್‌ಬಾಲ್ ಕಪ್ ಆದ ಸಂತೋಷ್ ಟ್ರೋಫಿ ಗೆದ್ದಾಗ ನಮ್ಮ ಹುಡುಗರು ಚಹಾ ಅಂಗಡಿ ಮುಂದೆ ಒಂದೇ ಮೊಬೈಲ್ ಸುತ್ತ ನಿಂತು ನೋಡಿದರು. ಮಾರನೇ ದಿನ ಬೆಳಿಗ್ಗೆ ಮೈದಾನಕ್ಕೆ ಒಂಬತ್ತು ಹೊಸ ಮಕ್ಕಳು ಬಂದಿದ್ದರು, ಅರ್ಧ ಮಂದಿ ಬರಿಗಾಲಲ್ಲಿ.

ಮುಂದಿನ ಭಾನುವಾರ ಐದೂವರೆಗೆ ಒಂದು ಸಲ ಬನ್ನಿ ಅಕ್ಕಾವರೇ, ಎಂಜಿನಿಯರ್ ಸಾಹೇಬರನ್ನೂ ಕರ್ಕೊಂಡು ಬನ್ನಿ, ಎಲ್ಲರೂ ಸೇರಿ ಅಳೆಯೋಣ. ಟೇಪ್ ನಮ್ಮ ಟ್ರಂಕಿನಲ್ಲೇ ಇದೆ. ಚಪ್ಪಲಿ ಮಾತ್ರ ಬಿಡಬೇಡಿ, ಶನಿವಾರ ರಾತ್ರಿ ಅಲ್ಲೊಂದು ಮದುವೆ ಇದೆ.

ಇಂತಿ,
ನಿಮ್ಮ ವಾರ್ಡಿನ ಒಬ್ಬ ಹಳೇ ಲೆಫ್ಟ್ ಬ್ಯಾಕ್
ಕಲಬುರಗಿ