ಭಾನುವಾರದ ಗಿಡ ವಿನಿಮಯ: ಕೊಪಿಯಾಪೋವಾ ತರುವವರ ಗಮನಕ್ಕೆ

ಎಲ್ಲರಿಗೂ ನಮಸ್ಕಾರ.

ಭಾನುವಾರ ಬೆಳಿಗ್ಗೆ 10ಕ್ಕೆ ಗಿಡ ವಿನಿಮಯ ಇದೆ. ಈ ಸಲ ಕೊಪಿಯಾಪೋವಾ ಸಿನೇರಿಯಾ ಕೇಳುವವರು ಜಾಸ್ತಿ ಇದ್ದಾರೆ, ಅದಕ್ಕೇ ಈ ಸೂಚನೆ.

ಈ ಕಳ್ಳಿಯ ತವರು ಚಿಲಿಯ ಅಟಕಾಮಾ ಕರಾವಳಿ, ಟಾಲ್ಟಾಲ್ ಸುತ್ತಮುತ್ತ. ಅಲ್ಲಿ ಮಳೆ ಬರುವುದೇ ಅಪರೂಪ. ಸಮುದ್ರದ ಕಡೆಯಿಂದ ಬರುವ ‘ಕಮಂಚಾಕ’ ಮಂಜೇ ಆಸರೆ. ಬೆಳೆಯುವುದು ತೀರಾ ನಿಧಾನ, ಹಾಗಾಗಿ ಕಿತ್ತ ಜಾಗ ಸುಮ್ನೆ ತುಂಬುವುದಿಲ್ಲ. 2020ರಲ್ಲಿ ಇಟಲಿ ಪೊಲೀಸರು ಸುಮಾರು ಸಾವಿರ ಕಳ್ಳಸಾಗಣೆ ಕಳ್ಳಿಗಳನ್ನು ಹಿಡಿದರು. 800ಕ್ಕೂ ಹೆಚ್ಚು ಗಿಡಗಳು ಮರುವರ್ಷ ಚಿಲಿಗೆ ವಾಪಸ್ ಹೋದವು.

ಬೀಜದಿಂದ ಬೆಳೆಸಿದ್ದನ್ನು ಮಾತ್ರ ತನ್ನಿ. ಎಲ್ಲಿಂದ ಬಂತು ಎಂದು ಚೀಟಿ ಅಂಟಿಸಿ. ಹೊರದೇಶದ್ದಾದರೆ ಸೈಟಿಸ್ (ಅಳಿವಿನಂಚಿನ ಗಿಡ-ಪ್ರಾಣಿಗಳ ವ್ಯಾಪಾರ ನಿಯಂತ್ರಿಸುವ ಅಂತರರಾಷ್ಟ್ರೀಯ ಒಪ್ಪಂದ) ಪರವಾನಗಿಯೂ ಜೊತೆಗಿರಲಿ. ಮೈಯೆಲ್ಲ ಗಾಯವಿರುವ ದೊಡ್ಡ ಗಿಡ ಅಗ್ಗಕ್ಕೆ ಸಿಕ್ಕಿದ್ದರೆ ಅದು ಕಾಡಿನಿಂದ ಕಿತ್ತದ್ದೇನೋ ಎಂದು ಅನುಮಾನ ಪಡಬೇಕಾದ್ದೇ, ಅಲ್ವಾ?

ತರುವವರು ಶುಕ್ರವಾರ ರಾತ್ರಿಯೊಳಗೆ ಫೋಟೋ ಸಮೇತ ಇಲ್ಲೇ ತಿಳಿಸಿ.